ನಲವತ್ತೇಳನೆಯ ಬಿಲ್ಲೆ

ರೀಗಾದ ಹಳೆಯ ನಾಟಕಶಾಲೆಯಲ್ಲಿ
ಕೋಟು ಕಾಯುವ ಕೆಲಸ ನನಗೆ, ವಾರಕ್ಕೆ ನಾಲ್ಕು ಸಂಜೆ.
ಹಗಲು ಗಣಿತದ ಟೀಚರು.
ಎರಡೂ ಸಂಬಳ ಕೂಡಿಸಿದರೆ
ಚಳಿಗಾಲ ಹೇಗೋ ದಾಟುತ್ತದೆ.

ಬೂಟಿನಲ್ಲಿ ಬೀದಿಯ ಉಪ್ಪು, ಭುಜದ ಮೇಲೆ ಅರೆಗರಗಿದ ಹಿಮ,
ಬಂದವರು ಕೋಟು ಕಳಚಿ ಕೊಡುತ್ತಾರೆ.
ಅಂಗೈಗೆ ಒಂದು ಹಿತ್ತಾಳೆ ಬಿಲ್ಲೆ.
ಬಿಲ್ಲೆಗೊಂದು ಅಂಕಿ, ಅಂಕಿಗೊಂದು ಗೂಟ.
ಇಷ್ಟೇ ಇಲ್ಲಿಯ ಶಾಸ್ತ್ರ.

ಜನ ಕಿಕ್ಕಿರಿದ ರಾತ್ರಿ ಗೂಟ ಸಾಲದೆ
ಹನ್ನೆರಡೂ ಹದಿಮೂರೂ ಒಂದರ ಮೇಲೊಂದು ತೂಗಿದರೆ
ತಕರಾರಿಲ್ಲ, ಅವರವರ ಕೋಟು ಅವರವರಿಗೆ ಗೊತ್ತು.
ಗೂಟ ಖಾಲಿ ಉಳಿದರೂ ಯಾರೂ ಕೇಳುವುದಿಲ್ಲ.
ಒಂದೇ ಬಿಲ್ಲೆ ಎರಡು ಗೂಟ ತೋರಿಸಿತೋ,
ಕೆಟ್ಟಿತು.

ಮೂರನೆಯ ಗಂಟೆಯಾಗಿ ಬಾಗಿಲು ಮುಚ್ಚಿದ ಮೇಲೆ
ಕಟ್ಟೆಯ ಮೇಲೆ ಉತ್ತರಪತ್ರಿಕೆ ಹರಡುತ್ತೇನೆ.
ಒಳಗೆ ಯಾರೋ ರಾಜ ಸಾಯುತ್ತಿದ್ದಾನೆ, ನಿಧಾನವಾಗಿ.

"ಈ ಕ್ರಮಯುಗ್ಮಗಳ ಗಣ ಫಲನವೇ? ಕಾರಣ ಕೊಡಿ.
(೩, ೫), (೪, ೫), (೩, ೮)"

ಐದು ಎರಡು ಸಲ ಬಂತು, ಆದ್ದರಿಂದ ಅಲ್ಲ:
ಹನ್ನೊಂದು ಮಂದಿ ಹೀಗೆ.
ಉತ್ತರ ಸರಿ, ಕಾರಣ ತಪ್ಪು.
ಪಾಪ, ಐದು ಏನು ಮಾಡಿತು?
ಬಾಗಿಲು ತೆರೆದಿಟ್ಟ ಮನೆ ಅದು,
ಮೂರೂ ಬರಲಿ, ನಾಲ್ಕೂ ಬರಲಿ.

ಉಲ್ದಿಸ್ ಮಾತ್ರ, ಪೆನ್ಸಿಲಿನಲ್ಲಿ, ಅಕ್ಷರ ಎಡಕ್ಕೆ ವಾಲಿಸಿ:
"ಅಲ್ಲ. ಮೂರಕ್ಕೆ ಇನ್ನೂ ತೀರ್ಮಾನವಾಗಿಲ್ಲ."

ಕೆಂಪು ಪೆನ್ನು ಗಾಳಿಯಲ್ಲೇ ನಿಂತಿತು.
ಈ ಹುಡುಗನ ನೋಟ್‌ಪುಸ್ತಕ ಯಾವಾಗಲೂ
ಇನ್ನೊಂದು ಮನೆಯಲ್ಲಿರುತ್ತದೆ.
ದೌಗವಾ ನದಿಯ ಈಚೆ ದಡದಲ್ಲಿ ಅಪ್ಪ, ಆಚೆ ದಡದಲ್ಲಿ ಅಮ್ಮ,
ನಡುವೆ ಸೇತುವೆ, ಏಳನೇ ನಂಬರಿನ ಬಸ್ಸು.
ಜೋಡಿಸಿಟ್ಟದ್ದೆಲ್ಲ ಸಂಬಂಧವೇ, ಪಾಠದಲ್ಲಿ ಹೇಳಿದ್ದೇನೆ,
ಸಂಬಂಧವೆಲ್ಲ ಫಲನವಾಗುವುದಿಲ್ಲ.
ಹೇಳುವಾಗ ಬೋರ್ಡಿನ ಕಡೆ ತಿರುಗಿದ್ದೆ,
ಅವನ ಮುಖ ನೋಡಿರಲಿಲ್ಲ.

ವಿರಾಮದಲ್ಲಿ ಜಗಳ.
ನಲವತ್ತೇಳು ಹಿಡಿದು ಇಬ್ಬರು ನಿಂತಿದ್ದಾರೆ,
ಕುರಿಚರ್ಮದ ಕಾಲರಿನ ಹೆಂಗಸು, ಕೆಮ್ಮುವ ಮುದುಕ.
ಹೋದ ವರ್ಷ ಕಳೆದುಹೋದ ಬಿಲ್ಲೆ,
ಅದರ ಬದಲು ಎರಕ ಹೊಯ್ದ ಹೊಸತು,
ಆಮೇಲೆ ಯಾರದೋ ಜೇಬಿನ ಹರುಕಿನಿಂದ
ಹಳೆಯದೂ ಮರಳಿ ಬಂದು ಸದ್ದಿಲ್ಲದೆ ಡಬ್ಬಿ ಸೇರಿದೆ.

ಮೂವತ್ತು ವರ್ಷದಿಂದ ಇಲ್ಲಿರುವ ಸ್ಕೈದ್ರಿತೆ
ಬೈಯಲಿಲ್ಲ, ಎಸೆಯಲಿಲ್ಲ ಯಾವುದನ್ನೂ.
ಹೊಲಿಗೆಪೆಟ್ಟಿಗೆಯಿಂದ ಕೆಂಪು ದಾರ ಎಳೆದು
ಹಳೆಯದರ ತೂತಿಗೆ ಗಂಟು ಹಾಕಿದಳು.
"ಇದು ದಾರದ ನಲವತ್ತೇಳು. ಅದು ಬರೀ ನಲವತ್ತೇಳು.
ಮುಗೀತಲ್ಲ?"
ಗೂಟದ ಬುಡಕ್ಕೂ ಒಂದೆಳೆ ಸುತ್ತಿ
ಚಹಾ ಕುಡಿಯಲು ಹೋದಳು.

ಹದಿನಾರು ವರ್ಷ ಪಾಠ ಮಾಡಿದ್ದೇನೆ.
ಎರಡು ಕಡೆ ಬಾಣ ಹೊರಟರೆ ಅಡ್ಡಗೆರೆ ಎಳೆದು
"ಅಲ್ಲ" ಎಂದು ಮುಂದಿನ ಲೆಕ್ಕಕ್ಕೆ ಹೋಗಿದ್ದೇನೆ.
ಹೊರಟ ಕಡೆಯನ್ನೇ ಇನ್ನಷ್ಟು ಸರಿಯಾಗಿ ಹೆಸರಿಸಬಹುದೆಂದು,
ಬರೀ ಮೂರಲ್ಲ, ಎಂದಿನ ಮೂರು ಎಂದು ಕೇಳಬಹುದೆಂದು,
ಯಾಕೋ ತೋಚಿರಲಿಲ್ಲ.

ಉಲ್ದಿಸ್‌ಗೆ ಪೂರ್ತಿ ಅಂಕ ಕೊಟ್ಟೆ.
ಕೆಳಗೆ ಬರೆದೆ: ತೀರ್ಮಾನ ಎನ್ನಬೇಡ,
ಒಂದಕ್ಕೆ ಎರಡು ಬೆಲೆ ಎಂದು ಬರೆ,
ಪರೀಕ್ಷೆಯಲ್ಲಿ ಬೇರೆಯವರು ತಿದ್ದುತ್ತಾರೆ.

ಮರುದಿನ ತರಗತಿಗೆ ತಡವಾಗಿ ಬಂದ,
ಟೋಪಿಯಲ್ಲಿ ಇನ್ನೂ ಹಿಮ.
"ಎಲ್ಲಿಂದ ಬಂದೆಯೋ?" ಎಂದೆ.
ನನ್ನನ್ನು ದಡ್ಡಿಯೆಂಬಂತೆ ನೋಡಿದ.
"ಇವತ್ತು ಮಂಗಳವಾರ ಅಲ್ವಾ, ಟೀಚರ್?"

ಹೌದು, ಮಂಗಳವಾರ.
ಸೇತುವೆಯ ಆಚೆಯಿಂದ.
ಕೂತುಕೋ ಎಂದೆ.
ನೋಟ್‌ಪುಸ್ತಕ ತಂದಿರಲಿಲ್ಲ.