ಮೊಳದ ಕಲ್ಲು

ಭಾನುವಾರ ಆರೂಮುಕ್ಕಾಲಿಗೆ ಮಾರ್ಕೆಟ್ ಮೆಟ್ರೋ ಗೇಟಿನ ಬಳಿ
ಹನ್ನೊಂದು ಜನ. ತಲೆಗೆ ಆರುನೂರು, ಖಾಲಿ ದೋಸೆ ಸೇರಿ.
ಸೊಂಟಕ್ಕೆ ಪುಟ್ಟ ಸ್ಪೀಕರು ಕಟ್ಟಿಕೊಂಡ ನಾನು
ಇದ್ದದ್ದನ್ನು ಇದ್ದಹಾಗೆ ಹೇಳುವವಳು.
ಕೋಟೆಯ ಬಾಗಿಲಲ್ಲಿ ನಿಂತು
ಮಣ್ಣಿನದು ಮೊದಲು, ಕಲ್ಲಿನದು ಆಮೇಲೆ ಎನ್ನುವವಳು.
ಇಸವಿ ಗೊತ್ತಿಲ್ಲದಿದ್ದರೆ ಗೊತ್ತಿಲ್ಲ ಎನ್ನುವವಳು.

ಅಂಥವಳು, ಒಂದು ಸಲ.

ನಾಲ್ಕು ವರ್ಷದ ಹಿಂದೆ ಒಬ್ಬರು ಬಂದಿದ್ದರು,
ಬ್ಯಾಂಕಿನಿಂದ ರಿಟೈರಾದವರು, ಹೊಸ ಬಿಳಿ ಶೂ,
ಗ್ರೀಸು ಇಟಲಿ ಹದಿನಾಲ್ಕು ದಿನ ಮುಗಿಸಿ ಆಗತಾನೇ ಇಳಿದವರು.
ಸೇವಂತಿಗೆ ಮೂಟೆ ಹೊತ್ತವನು ಸೈಡು ಸೈಡು ಅಂದರೂ ಸರಿಯದೆ
"ಏಥೆನ್ಸಿನಲ್ಲಿ ಬಿದ್ದ ಕಲ್ಲಿಗೂ ನಂಬರಿದೆ ಮೇಡಂ,
ಇಲ್ಲಿ ನಿಂತ ಗೋಡೆಗೂ ಗತಿಯಿಲ್ಲ."
ಅವೆನ್ಯೂ ರೋಡಿನಲ್ಲಿ ಇನ್ನೊಮ್ಮೆ ಅಂದರು.
ಹೌದು ಸರ್, ಅಂದೆ.

ಕಿಲಾರಿ ರಸ್ತೆಯ ಒಳಗೊಂದು ಗಲ್ಲಿ.
ಇಬ್ಬರು ಎದುರಾದರೆ ಒಬ್ಬರು ಗೋಡೆಯಾಗಬೇಕು.
ಮೇಲೆ ವೈರುಗಳ ಸಿಕ್ಕು, ಅದರ ಮೇಲೆ ಒಂದು ಗೇಣು ಆಕಾಶ.
ಮಗ್ಗದ ಸದ್ದು ಯಾವ ಮನೆಯದೆಂದು ತಿಳಿಯದೆ
ಕಾಲಡಿಯ ನೆಲದ್ದೇ ಅನ್ನಿಸುತ್ತಿತ್ತು.
ಹಿಂದುಳಿದ ಒಬ್ಬರಿಗಾಗಿ ಕಾಯುತ್ತ ನಿಂತಾಗ
ಯಾರದೋ ಮಗು ಇಂಚರಾ
ಹೊಸಿಲ ಪಕ್ಕದ ಕಲ್ಲು ತೋರಿಸಿ ಕೇಳಿತು:
"ಇದಕ್ಯಾಕೆ ಎರಡು ಗೀಟು?"

ನನಗೇನು ಗೊತ್ತು.
ಸೈಕಲ್ ಸ್ಟ್ಯಾಂಡು ಉಜ್ಜಿದ್ದಿರಬಹುದು,
ಪೈಪು ಹುಡುಕಿದವರ ಹಾರೆ ಇರಬಹುದು.
ಬಿಳಿ ಶೂ ಒಂದು ಹೆಜ್ಜೆ ಹತ್ತಿರ ಬಂದು ಮುಗುಳ್ನಕ್ಕಿತು.
ಅಷ್ಟೇ.
"ಅದು ಮೊಳದ ಕಲ್ಲು ಪುಟ್ಟಾ," ಅಂದುಬಿಟ್ಟೆ.
"ಈ ಗೀಟಿನಿಂದ ಆ ಗೀಟಿಗೆ ಒಂದು ಮೊಳ.
ಸೀರೆ ಕೊಂಡವರು ಅನುಮಾನ ಬಂದರೆ ಇಲ್ಲಿ ತಂದು ಅಳೆಯೋರು.
ಕಮ್ಮಿ ಬಿದ್ದರೆ
ತಪ್ಪು ಮಾಡಿದವನು ಬೀದಿಗೆಲ್ಲ ಪಾನಕ ಕೊಡಿಸಬೇಕು."

ಪಾನಕ ಎಲ್ಲಿಂದ ಬಂತೋ ಇವತ್ತಿಗೂ ತಿಳಿಯದು.
ಸ್ಪೀಕರು ಮಾತ್ರ ಆವತ್ತು ಗಂಟೆಯ ಹಾಗೆ ಕೇಳಿಸಿತು,
ಮೇಲಿನ ಮಹಡಿಯ ಕಿಟಕಿಗೂ.

ಮುಂದಿನ ವಾರ ಆ ಗಲ್ಲಿ ತಪ್ಪಿಸಿದೆ. ಅದರ ಮುಂದಿನ ವಾರವೂ.
ಒಂದು ಮಳೆಗಾಲ, ಒಂದು ಮೋರಿ ರಿಪೇರಿ, ಮತ್ತೊಂದು ನೆಪ.
ಕೊನೆಗೆ ಹೋದಾಗ
ಕಲ್ಲಿಗೆ ಅರಿಶಿನ. ಮೇಲೆ ಕನಕಾಂಬರ,
ಯಾರೋ ಅಳೆದೇ ತಂದಂತೆ ಒಂದು ಮೊಳ.

ಜರಿ ಅಂಗಡಿಯ ತುಳಜಾಸಾ, ಎಂಬತ್ತೆರಡು ದಾಟಿದವರು,
ಬಾಗಿಲಲ್ಲಿ ಕುಕ್ಕುರುಗಾಲಲ್ಲಿ ಕೂತು ಟೀ ಆರಿಸುತ್ತ
ನನ್ನ ಜನಕ್ಕೆ ತಾವೇ ಹೇಳಿದರು:
"ಇದು ಮೊಳದ ಕಲ್ಲು. ನಮ್ಮಜ್ಜ ಹೇಳ್ತಿದ್ದ.
ಒಂದು ಸಲ ಅವನೇ ಪಾನಕ ಕೊಡಿಸಿದ್ದ, ಮೂರು ಹಂಡೆ.
ಬೆಲ್ಲ ಜಾಸ್ತಿ ಆಗಿತ್ತಂತೆ."

ಬೆಲ್ಲ ಜಾಸ್ತಿ ಆಗಿತ್ತಂತೆ!
ನಾನು ಹಾಕಿರದ ಬೆಲ್ಲ.
ಬಾಯಿಗೆ ಬಂದದ್ದು ಹೊರಬೀಳುವ ಮುಂಚೆ
ಸ್ಪೀಕರಿನ ಗುಂಡಿ ಒತ್ತಿ ಆರಿಸಿದೆ.
ಅವರ ಕಣ್ಣಲ್ಲಿ ಸುಳ್ಳಿರಲಿಲ್ಲ, ಟೀಯ ಹಬೆಯಿತ್ತು.
ಎಷ್ಟು ವರ್ಷದ ಮೇಲೋ ಅಜ್ಜ ಬಂದು
ಪಕ್ಕದಲ್ಲಿ ಕೂತಿದ್ದ, ತೊಡೆಯ ಮೇಲೆ ಕೈಯಿಟ್ಟು.
ಯಾವ ಬಾಯಲ್ಲಿ ಎಬ್ಬಿಸಿ ಕಳಿಸಲಿ?

ಎಲ್ಲರಿಗೂ ದೋಸೆ ಕೊಡಿಸಿ, ಗುಂಪಿನ ಫೋಟೋ ತೆಗೆದು,
ಚಪ್ಪಲಿ ಕಿತ್ತವರಿಗೆ ಆಟೋ ಹಿಡಿದುಕೊಟ್ಟು
ಒಬ್ಬಳೇ ವಾಪಸ್ಸು ಬಂದೆ. ಹತ್ತೂವರೆಯ ಬಿಸಿಲು.
ಅಂಗಡಿಯ ಶಟರು ಅರ್ಧ ಇಳಿದಿತ್ತು.
ಕೂತು, ತೋಳು ಮಡಚಿ,
ಮೊಣಕೈಯನ್ನು ಮೊದಲ ಗೀಟಿಗಿಟ್ಟು ಕೈ ಚಾಚಿದೆ.
ಕಲ್ಲು ಬೆಚ್ಚಗಿತ್ತು. ಅರಿಶಿನ ಹತ್ತಿತು.
ನಡುಬೆರಳು ಎರಡನೇ ಗೀಟು ಮುಟ್ಟಲಿಲ್ಲ.
ಎರಡು ಬೆರಳಷ್ಟು ಮುಟ್ಟಲಿಲ್ಲ.

ಶಟರಿನ ಕೆಳಗೆ ಎರಡು ಮುದಿ ಪಾದ ಕಂಡವು,
ಒಳಗಿಂದ ದನಿ:

"ಯಾಕಮ್ಮಾ, ಕಮ್ಮಿ ಬಿತ್ತಾ?
ಹಂಗಾದ್ರೆ ಪಾನಕ ನಿನ್ನ ಲೆಕ್ಕ."