ಮೂರು ಮೂರಾಗಿ

ಬಾಗಿಲು ಕಾಯುವವನು ನಾನು, ಡೂಗಲ್ಡ್.
ಹಿತ್ತಾಳೆ ಗುಂಡಿಯ ಕೋಟು ಸರ್ಕಾರದ್ದು,
ಕೆಮ್ಮು ನನ್ನದು.
ಒಳಗೆ ಬುರಾಂಡಿಲ್‌ನ ಮಾನ್ಯ ಸದಸ್ಯರು
ಹೆಕ್ಟರ್ ಮಕ್‌ಅಸ್ಕಿಲ್, ನನ್ನ ಹಳೇ ಧಣಿ,
ಎದ್ದು ನಿಲ್ಲುತ್ತಾರೆ. ಮೊಣಕಾಲು ಲಟಕ್ಕೆನ್ನುತ್ತದೆ.
ಆ ಸದ್ದು ಕೇಳುವುದು ನನಗೊಬ್ಬನಿಗೆ.

ಸ್ಕೈ ದ್ವೀಪದಿಂದ ಒಂದೇ ಹಡಗಿನಲ್ಲಿ ಬಂದವರು ನಾವು.
ಅಂದು ಅವನ ಅವ್ವ ಹಾಲು ಕಾಯಿಸುತ್ತಿದ್ದಳಂತೆ.
ಜಮೀನ್ದಾರನ ಆಳುಗಳು ಬಂದು ಅದೇ ಹಾಲನ್ನು
ಅವಳ ಒಲೆಗೇ ಸುರಿದರು. ಚುಂಯ್ ಎಂದಿತಂತೆ.
ಬೆಟ್ಟ ಬೇಕಾಗಿತ್ತು ಕುರಿಗಳಿಗೆ.
ಈ ಕತೆ ಹಡಗಿನಲ್ಲಿ ನೂರು ಸಲ ಹೇಳಿದ,
ದಡ ಹತ್ತಿದ ಮೇಲೆ ಒಂದು ಸಲವೂ ಇಲ್ಲ.

ಮೊದಲ ವರ್ಷ ಇನ್ನೂರು ಕುರಿ, ಎರಡು ನಾಯಿ,
ಹುಳ ಹಿಡಿದ ಒಂದು ಮೂಟೆ ಹಿಟ್ಟು.
ಸಂಜೆ ದೊಡ್ಡಿಯ ಬಾಗಿಲಲ್ಲಿ ನಿಂತು
ಮೂರು ಮೂರಾಗಿ ಎಣಿಸುತ್ತಿದ್ದ,
ಬೆರಳು ಮಡಚದೆ, ಗದ್ದ ಮಾತ್ರ ಆಡಿಸಿ.
ನೂರಾಯಿತೆಂದು ಕೂಗಿದರೆ
ನನ್ನ ಕೋಲಿಗೆ ಚಾಕುವಿನಿಂದ ಒಂದು ಕಚ್ಚು.
ಕೋಲು ಸಾಲದೆ ಪುಸ್ತಕ ಬಂತು,
ಪುಸ್ತಕದ ಹಿಂದೆ ಗುಮಾಸ್ತ, ಗುಮಾಸ್ತನ ಹಿಂದೆ ಬ್ಯಾಂಕು,
ಬ್ಯಾಂಕಿನ ಬಾಲ ಹಿಡಿದು ಚುನಾವಣೆ.

ಮಡುವಿನ ಪಕ್ಕ ಒಬ್ಬ ಮುದುಕಿ ಇದ್ದಳು. ಅವಳ ಜನರಿದ್ದರು.
ಅವನು ನೀರಿನತ್ತ ಬೆರಳು ತೋರಿಸಿದ; ಅವಳು ಹೆಸರು ಹೇಳಿದಳು.
ಅವನ ನಾಲಗೆ ಎಡವಿದ್ದು ಕಂಡು ಇನ್ನೊಮ್ಮೆ,
ಮಗುವಿಗೆ ಕಲಿಸುವ ಹಾಗೆ, ಬಿಡಿಸಿ ಬಿಡಿಸಿ.
ನಕ್ಷೆಯಲ್ಲಿ ಬರೆದುಕೊಂಡ.
ಆ ಬೇಸಗೆ ಮಡು ಇಳಿಯಿತು.
ಚಹಾದ ಡಬರಿ ಎತ್ತಿ
ಅವಳ ಬೆಂಕಿಗೆ ಸುರಿದ.
ಕೋವಿ ನನ್ನ ಕೈಯಲ್ಲಿತ್ತು. ಹಾರಿಸಲಿಲ್ಲವೆಂದು
ಇಷ್ಟು ವರ್ಷ ಹೇಳಿಕೊಂಡು ಬಂದಿದ್ದೇನೆ.

ಅವಳು ಎರಡು ಸಲ ಹೇಳಿದ ಹೆಸರನ್ನು
ಈಗ ಸಭಾಧ್ಯಕ್ಷರು ಕರೆಯುತ್ತಾರೆ.
ಏಳುವವರು ಇವರು.

ಇವತ್ತು ಜಮೀನು ಮಸೂದೆ.
ಬಂದ ಬಂದ ಬಡವನಿಗೆಲ್ಲ ತುಂಡು ನೆಲ ಕೊಡಿರೆಂದು ಆ ಕಡೆಯವರು.
"ಮೊದಲು ಬಂದವರ ಹಕ್ಕು!" ಎಂದು ಇವರು ಮೇಜು ಗುದ್ದಿದರು.
ಹಿಂದಿನ ಬೆಂಚು ಭೇಷ್ ಎಂದಿತು.
ನಾನು ನನ್ನ ಬೂಟು ನೋಡಿಕೊಂಡೆ.

ಗಂಟೆ ಬಾರಿಸಿದೆ. ಹೌದೆನ್ನುವವರು ಬಲಕ್ಕೆ,
ಇಲ್ಲವೆನ್ನುವವರು ಎಡಕ್ಕೆ, ತಳ್ಳಾಡುತ್ತ, ಉಣ್ಣೆಯ ಕೋಟುಗಳು.
ತಮ್ಮ ಕಡೆಯವರನ್ನು ಎಣಿಸುವ ಕೆಲಸ ಇವರದೇ.
ಗದ್ದ ಆಡಿತು: ಮೂರು, ಆರು, ಒಂಬತ್ತು.
ಮಸೂದೆ ಬಿತ್ತು.
ಆದರೂ ಬಾಗಿಲತ್ತ ನೋಡುತ್ತ ನಿಂತೇ ಇದ್ದರು,
ಹಿಂದುಳಿದದ್ದೊಂದು ಇನ್ನೂ ಬರಬೇಕೆನ್ನುವ ಹಾಗೆ.

ರಾತ್ರಿ, ದೀಪ ಆರಿಸುವ ಹೊತ್ತಿಗೆ, ನಾವಿಬ್ಬರೇ.
ಕೊಟ್ಟ ಚಹಾ ಅರ್ಧ ಕುಡಿದ,
ಉಳಿದದ್ದನ್ನು ಯೋಚಿಸದೆ ಅಗ್ಗಿಷ್ಟಿಕೆಗೆ ಚೆಲ್ಲಿದ.

ಚುಂಯ್.

"ಯಾರದು?" ಎಂದ.
ಮೂವತ್ತು ವರ್ಷದ ಮೇಲೆ, ನಮ್ಮ ದ್ವೀಪದ ಮಾತಿನಲ್ಲಿ.

ಯಾರೂ ಇಲ್ಲ ಸ್ವಾಮಿ, ಎಂದೆ
ಇಂಗ್ಲಿಷಿನಲ್ಲಿ.