ಬಿಟ್ಟಿ ತೂಕ

ಶಹಾಬಾದಿನಿಂದ ಎರಡು ಹರದಾರಿ,
ಕಾಗಿಣಾ ದಂಡಿಗೆ, ಸೈಡಿಂಗ್ ಟೇಷನ್ನು.
ಹೆಸರಿನ ಹಲಗಿ ಯಾರೋ ಒಯ್ದು
ಕೋಳಿಗೂಡಿಗೆ ಬಾಗಿಲ ಮಾಡ್ಯಾರ:
ಕನ್ನಡ ತಲಿಕೆಳಗ, ಉರ್ದುಕ್ಕ ತುಕ್ಕು.
ಪ್ಲಾಟ್‌ಫಾರ್ಮಿಗೆ ಹಾಸಿದ್ದು ನಮ್ಮೂರ ಪರಸಿ,
ಅದನ್ನೂ ಕಿತ್ತಾರ. ಕಿತ್ತಲ್ಲಿ
ಚೌಕ ಚೌಕ ಹುಲ್ಲು,
ಯಾರೋ ಲೆಕ್ಕ ಹಾಕಿ ಬೆಳೆಸಿದಂಗ.

ಮಂದಿ ಹತ್ತೋ ಗಾಡಿ ಒಂದೇ ಇತ್ತು,
ಮುಂಜಾನಿ ಪಾಳಿ ತರೋದು, ರಾತ್ರಿ ಪಾಳಿ ಒಯ್ಯೋದು.
ಉಳಿದದ್ದೆಲ್ಲ ಮಾಲು.
ಕಲ್ಲಿದ್ದಲು ಬರ್ತಿತ್ತು, ಸಿಮೆಂಟ್ ಹೋಗ್ತಿತ್ತು.
ಬೇವಿನ ಗಿಡ ಬೆಳ್ಳಗ, ಕಾಗಿ ಬೆಳ್ಳಗ.
ಅವ್ವ ಒಣಗಿದ ಸೀರಿ ಜಾಡಿಸಿದ್ರ
ಓಣಿಗೆ ಓಣಿನೇ ಕೆಮ್ಮೋದು.

ಪಾರ್ಸೆಲ್ ಖೋಲ್ಯಾಗ ಒಂದು ಕಾಟಾ:
ನೆಲಕ್ಕ ಕಬ್ಬಿಣದ ತಾಟು, ಗೋಡಿ ಕಡೆ ದುಂಡನ ಮುಖ,
ಒಂದೇ ಮುಳ್ಳು.
ಗಡಿಯಾರ ಅಂತ ತಿಳಿದು ನಾ ಒಮ್ಮೆ ಕೇಳಿದ್ದೆ,
‘ಎಷ್ಟಾತು?’
‘ಯಾರೂ ನಿಂತಿಲ್ಲವ್ವಾ, ಇನ್ನೂ ಏನೂ ಆಗಿಲ್ಲ’
ಅಂದಿದ್ದ ದೇವಪುತ್ರ ಬಾಬು.

ಬೀದರ ಕಡೆಯ ಮನಷ್ಯಾ.
ಇತವಾರ ಚರ್ಚಿಗೆ ಹಾಕೋ ಬಿಳಿ ಅಂಗಿ
ಸೋಮವಾರಕ್ಕ ಕಂಪನಿ ಬಣ್ಣ.
ಗಾಡಿ ಇಲ್ಲದ ಮಧ್ಯಾಹ್ನ ನಮ್ಮನ್ನ
ಒಬ್ಬೊಬ್ಬರನ್ನ ತಾಟಿನ ಮ್ಯಾಲ ನಿಲ್ಲಿಸಿ
ಮಾಲಿನ ವಹಿಯ ಹಿಂದಿನ ಹಾಳ್ಯಾಗ ಬರ್ಕೋತಿದ್ದ:
ಮಶಾಕ, ಹತ್ತೊಂಬತ್ತು ಕಿಲೋ.
ಮಶಾಕನ ಆಡು, ಇಪ್ಪತ್ತೆರಡು.
ಸುಗಲಾ ಸಾಬಣ್ಣ, ಹದಿನೇಳೂವರಿ.
ಬಾಡಿಗಿ: ಬಿಟ್ಟಿ.
‘ಕೇಳ್ತಾರ ಒಂದಿನ ರೇಲ್ವೆದವರು’ ಅಂತಿದ್ದ,
‘ಇಷ್ಟು ಮಾಲು ಎಲ್ಲಿಗೆ ಕಳಿಸಿದೆಪಾ ಅಂತ.’

ನಮ್ಮಪ್ಪ ಸಾಬಣ್ಣ ಚೀಲ ಹೊರಾಂವ.
ಐವತ್ತು ಕಿಲೋ, ದಿನಕ್ಕ ಮುನ್ನೂರು ಸರ್ತಿ,
ಹೆಗಲಿಗೆ ಮಡಚಿದ ತಟ್ಟು,
ಬಾಯಿಗೆ ಅವ್ವನ ಹಳೇ ಕುಬಸದ ತುಂಡು.
ಎಂದೂ ಕಾಟಾದ ಮ್ಯಾಲ ನಿಂತಾಂವಲ್ಲ.
‘ಹೊರೂದನ್ನ ತೂಗ್ತಾರ,
ಹೊರಾಂವನ್ನ ಅಲ್ಲ.’

ಭೋಂಗಾ ನಿಂತ ದಿನ ಯಾರೂ ಅಳಲಿಲ್ಲ.
ಹೊತ್ತು ತಿಳೀಲಿಲ್ಲ, ಅಷ್ಟೇ.
ಅವ್ವ ರೊಟ್ಟಿ ಬಡಿಯೂದು ಮರ್ತಳು,
ಮಾಸ್ತರ ಶಾಲಿ ನಸುಕಿನ್ಯಾಗೇ ಬಿಟ್ಟ.
ತಿಂಗಳ ದಾಟಿದ ಮ್ಯಾಲ ಪಾಳಿ ಗಾಡೀನೂ ಇಲ್ಲ.
ಕಡೀ ಲೋಡಿನ ಚೀಲ ಒಯ್ಯಲಾಕ ವ್ಯಾಗನ್ನು ಬರಲಿಲ್ಲ,
ಮಿರಗದ ಮಳಿ ಬಂತು.
ಈಗ ಅವು ಕಲ್ಲು.
ತಟ್ಟು ಕೊಳತು ಹೋಗ್ಯದ, ನೇಯ್ಗಿ ಉಳದದ ಮೈಮ್ಯಾಲ,
ಬಾಯಿ ಹೊಲದ ದಾರದ ಗಂಟು ಸುದ್ದಾ.
ಒಂದರ ಮ್ಯಾಲ ನಾಕು ಬಟ್ಟಿನ ಗುರುತು.
ಅಪ್ಪಂದೇ ಅಂತ ಹೇಳಂಗಿಲ್ಲ.
ಅಲ್ಲ ಅಂತನೂ ಹೇಳಂಗಿಲ್ಲ.

ನಿನ್ನಿ ಹೋಗಿದ್ದೆ, ಅವ್ವನ ಪಿಂಚಣಿ ಸಲುವಾಗಿ.
ಕಲಬುರಗಿ ಆಫೀಸಿನ ಹುಡುಗ ಅಂದಿದ್ದ:
‘ನಿಮ್ಮಪ್ಪ ಇಲ್ಲಿ ದುಡಿದದ್ದಕ್ಕ ಸಾಕ್ಷಿ ಬೇಕ್ರಿ,
ಹಾಜರಿ ಪಟ್ಟಿ, ವಹಿ, ಏನರ ಇದ್ರ ತರ್ರಿ.’
ವಹಿ ಎಲ್ಲಿ? ಕಪಾಟಿನ್ಯಾಗ
ಒಂದು ಬೊಗಸಿ ಮಣ್ಣು.
ನನ್ನ ಹದಿನೇಳೂವರಿ ಕಿಲೋನೂ
ಗೆದ್ದಲು ತಿಂದಾವ.

ಕಾಟಾ ಮಾತ್ರ ಅದ. ಕಿತ್ತೊಯ್ಯಲಾಕ ಆಗಿಲ್ಲ ಯಾರಿಗೂ.
ಹಂಚು ಒಡದು, ಮಳಿ ಸುರದು,
ತಾಟಿನ ಮ್ಯಾಲ ಕೂತ ಧೂಳು ಅಲ್ಲೇ ಗಟ್ಟಿಯಾಗಿ
ದಪ್ಪನ ಬೂದಿ ರೊಟ್ಟಿ.
ಯಾರೂ ನಿಂತಿಲ್ಲ,
ಮುಳ್ಳು ಹನ್ನೊಂದಕ್ಕ.

ದವಾಖಾನ್ಯಾಗ ಎಕ್ಸರೇ ಬೆಳಕಿಗೆ ಹಿಡಿದಿದ್ರು,
ಅಪ್ಪನ ಎದಿ: ಬೆಳ್ಳಗ, ಬೇವಿನ ಗಿಡದಂಗ.
‘ಎಷ್ಟದರಿ ಒಳಗ?’ ಅಂದಿದ್ದಳು ಅವ್ವ,
ಅಂಗಡ್ಯಾಗ ಬೆಲ್ಲ ಕೇಳಿದಂಗ.
ಡಾಕ್ಟರ ಲೈಟ ಆರಿಸಿದ.

ಚಪ್ಪಲಿ ಬಿಟ್ಟು ತಾಟಿನ ಮ್ಯಾಲ ಹತ್ತಿದೆ.
ಮುಳ್ಳು ಅಲುಗಲಿಲ್ಲ. ಇಳದೆ.
ಹೊರಗ, ಕಲ್ಲಾದ ಚೀಲಕ್ಕ ಆಡು ಕಟ್ಟಿ
ಮಶಾಕನ ಮೊಮ್ಮಗ ಕೂತಿದ್ದ.
ಬಿಸಲು ಆಗಲೇ ಇಳೀಲಾಕ ಹತ್ತಿತ್ತು.
‘ನಾನೀ, ಎಷ್ಟಾತು?’ ಅಂದ.

‘ಹನ್ನೊಂದು’ ಅಂದೆ.